ಆಟ ಬಿಟ್ಟ ಮೇಲೆ

ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರ, ಹೆಗ್ಗಡದೇವನಕೋಟೆ, ಈ ನಾಲ್ಕು ತಾಲ್ಲೂಕುಗಳ ಹುಡುಗರಿಗೆ ಕನ್ನಡ ಪಾಠ ಹೇಳುತ್ತ ನನಗೆ ಹದಿನೆಂಟು ವರ್ಷಗಳು ಸಂದುವು. ಹೊಗೆಸೊಪ್ಪಿನ ಬ್ಯಾರನ್ನಿಗೆ ಸೌದೆ ಒಟ್ಟಿ ಬಂದವರು, ಕಾವೇರಿ ಬಯಲಿನ ಭತ್ತದ ಗದ್ದೆಯಿಂದ ಬಂದವರು, ಕಾಡಂಚಿನ ಹಾಡಿಗಳಿಂದ ಮೊದಲ ಬಸ್ಸು ಹಿಡಿದು ಬಂದವರು, ಎಲ್ಲರೂ ಒಂದೇ ಬೆಂಚಿನಲ್ಲಿ ಕೂತಿರುತ್ತಾರೆ. ಇವರಿಗೆ ಕಬಡ್ಡಿ ಗೊತ್ತು, ಖೋಖೋ ಗೊತ್ತು. ಕ್ರಿಕೆಟ್ಟಂತೂ ಹೇಳಬೇಕಾದುದೇ ಇಲ್ಲ. ಕಾಲ್ಚೆಂಡಾಟದ ಮಾತೆತ್ತಿದರೆ ಮಾತ್ರ ಬೈಲುಕುಪ್ಪೆಯ ದಿಕ್ಕಿಗೆ ಕೈ ತೋರಿಸುತ್ತಾರೆ. ಪಿರಿಯಾಪಟ್ಟಣ ತಾಲ್ಲೂಕಿನ ಆ ಟಿಬೆಟನ್ ಪಾಳೆಯಗಳಲ್ಲೂ ನಮ್ಮ ಹುಣಸೂರು ತಾಲ್ಲೂಕಿನ ಗುರುಪುರದಲ್ಲೂ ಸಂಜೆಯ ಹೊತ್ತು ಹುಡುಗರು ಚೆಂಡು ಒದೆಯುತ್ತಿರುವುದನ್ನು ಹಾದಿಹೋಕರೆಲ್ಲ ಕಂಡಿದ್ದಾರೆ.

ಆ ಹುಡುಗರೊಡನೆ ಆಡಿ ಆಟ ಕಲಿತ ಕೋಟೆ ತಾಲ್ಲೂಕಿನ ವಿದ್ಯಾರ್ಥಿಯೊಬ್ಬ 2019ರಲ್ಲಿ ನನ್ನ ತರಗತಿಯಲ್ಲಿದ್ದ. ಒಂದು ದಿನ ಹೊಯ್ಸಳರ ಕಾಲದ ಶಿಲ್ಪಿಗಳ ಮಾತು ಬಂತು. ನಮ್ಮ ಜಿಲ್ಲೆಯದೇ ಆದ ಸೋಮನಾಥಪುರದ ಗುಡಿಯಲ್ಲಿ ಮಲ್ಲಿತಮ್ಮನೆಂಬ ರೂವಾರಿ ತಾನು ಕಡೆದ ವಿಗ್ರಹಗಳ ಕೆಳಗೆ ಹೆಸರು ಕೊರೆದಿಟ್ಟಿದ್ದಾನೆ, ಶತಮಾನಗಳು ಉರುಳಿದರೂ ಆ ಹೆಸರು ಅಳಿದಿಲ್ಲ ಎಂದು ನಾನು ತುಸು ಆವೇಶದಿಂದಲೇ ಹೇಳಿದೆ. ಗಂಟೆ ಹೊಡೆದ ಮೇಲೆ ಹುಡುಗ ಬಾಗಿಲ ಬಳಿ ನಿಂತು, "ಸಾರ್, ಮಲ್ಲಿತಮ್ಮನಿಗೆ ಉಳಿ ಹಿಡಿಯೋದು ಹೇಳಿಕೊಟ್ಟೋರ ಹೆಸರು ಎಲ್ಲೈತೆ?" ಎಂದು ಕೇಳಿದ. ನನ್ನಲ್ಲಿ ಉತ್ತರವಿರಲಿಲ್ಲ. ಅವನು ನಕ್ಕು ಇನ್ನೊಂದು ಪ್ರಶ್ನೆ ಹಾಕಿದ: "ಆಟ ಆಡೋರ ಹೆಸರು ಪೇಪರಿನಲ್ಲಿ ಬರ್ತದೆ ಸಾರ್. ಆಟ ಬಿಟ್ಟ ಮೇಲೆ ಅವರೇನು ಮಾಡ್ತಾರೆ?"

ಮೊದಲನೆಯ ಪ್ರಶ್ನೆಗಿಂತ ಎರಡನೆಯದು ಅವನಿಗೆ ಹತ್ತಿರದ್ದೆಂದು ನನಗೆ ಆಗ ಹೊಳೆಯಲಿಲ್ಲ. ಮನೆಯಲ್ಲಿ ಒಂದೂವರೆ ಎಕರೆ ಹೊಲ, ಕೈಯಲ್ಲಿ ಬಿ.ಎ. ಅರ್ಧ, ಕಾಲಲ್ಲಿ ಚೆಂಡು. ಆಟವನ್ನು ನೆಚ್ಚಿ ಬದುಕಬಹುದೇ ಎಂದು ಅವನು ಕೇಳುತ್ತಿದ್ದ.

ಮರುವರ್ಷ ಅಕ್ಟೋಬರಿನಲ್ಲಿ, ಕಾಲೇಜುಗಳು ಮುಚ್ಚಿ ನಾವೆಲ್ಲ ಮನೆಯಿಂದಲೇ ಮೊಬೈಲಿನ ಮುಂದೆ ಕೂತು ಪಾಠ ಹೇಳುತ್ತಿದ್ದ ಕಾಲದಲ್ಲಿ, ಪತ್ರಿಕೆಯಲ್ಲೊಂದು ಸುದ್ದಿ ಬಂತು. ಭಾರತ ತಂಡದ ನಾಯಕರಾಗಿದ್ದ ಬೆಂಗಳೂರಿನ ಕಾರ್ಲ್ಟನ್ ಚಾಪ್ಮನ್ ಅವರು 2020ರ ಅಕ್ಟೋಬರ್ 12ರಂದು ಹೃದಯಾಘಾತದಿಂದ ತೀರಿಕೊಂಡರು, ವಯಸ್ಸು 49. ಸುದ್ದಿಯ ಬಹುಭಾಗ ಅವರ ಆಟದ ದಿನಗಳಿಗೆ ಮೀಸಲಾಗಿತ್ತು. ಆಟ ಬಿಟ್ಟ ಮೇಲಿನ ಹತ್ತೊಂಬತ್ತು ವರ್ಷಗಳು ಕೊನೆಯ ಎರಡು ಮೂರು ವಾಕ್ಯಗಳಲ್ಲಿ ಮುಗಿದಿದ್ದವು. ಆ ಹುಡುಗನ ಪ್ರಶ್ನೆ ನೆನಪಾಗಿ, ನಾನು ಚಾಪ್ಮನ್ನರ ಬಾಳಿನ ಜಾಡು ಹಿಡಿದು ಹೊರಟೆ. ಕ್ರೀಡೆಯಲ್ಲಿ ನಾನು ಪಂಡಿತನಲ್ಲ. ಶಾಸನ ಓದುವವನ ಕುತೂಹಲದಿಂದ ಓದಿದೆನೆಂದು ವಾಚಕರು ತಿಳಿದರೆ ಸಾಕು.

ಮೊದಲು ಅವರು ಹುಟ್ಟಿದ ಊರಿನ ಮಾತು. ಬೆಂಗಳೂರಿನ ಕಾಲ್ಚೆಂಡಾಟ ದಂಡು ಪ್ರದೇಶದ ಕೂಸು. ಗೋರಾ ಸಿಪಾಯಿಗಳು ಆಡುತ್ತಿದ್ದುದನ್ನು ಬೇಲಿಯಾಚೆ ನಿಂತು ನೋಡಿದ ಹುಡುಗರು ಬರಿಗಾಲಿನಲ್ಲೇ ಆಟ ಕಲಿತರು. ಹಲಸೂರು, ಆಸ್ಟಿನ್ ಟೌನ್ ಮೊದಲಾದ ಬಡಾವಣೆಗಳಲ್ಲಿ ಈ ಆಟ ಬೇರುಬಿಟ್ಟ ಬಗೆಯನ್ನು ನೋಡಬೇಕೆನ್ನುವವರು ಹಲಸೂರಿನ ಗೌತಮಪುರಕ್ಕೆ ಹೋಗಬೇಕು. ಅಲ್ಲಿ ಬ್ರೆಜಿಲಿನ ಪೆಲೆಗೆ ಪ್ರತಿಮೆಯನ್ನೇ ನಿಲ್ಲಿಸಿದ್ದಾರೆ! ಮುಂಬಯಿಯ ರೋವರ್ಸ್ ಕಪ್ಪು 1891ರಿಂದ ನಡೆದುಬಂದ ಪಂದ್ಯಾವಳಿ. ಬಹುಕಾಲ ಅದು ಬ್ರಿಟಿಷ್ ಪಲ್ಟನ್ನುಗಳ ಸ್ವತ್ತಿನಂತಿತ್ತು. 1937ರಲ್ಲಿ ಆ ಕಪ್ಪನ್ನು ಗೆದ್ದ ಭಾರತೀಯರ ಮೊದಲ ನಾಗರಿಕ ತಂಡ ಕಲ್ಕತ್ತೆಯದಲ್ಲ. ಅದು ಬೆಂಗಳೂರು ಮುಸ್ಲಿಮ್ಸ್. ಮರುವರ್ಷವೂ ಅವರೇ ಗೆದ್ದರು. ರಾಜ್ಯ ರಾಜ್ಯಗಳ ನಡುವಣ ಸಂತೋಷ್ ಟ್ರೋಫಿ 1941ರಲ್ಲಿ ಆರಂಭವಾದ ಐದೇ ವರ್ಷಕ್ಕೆ, 1946ರಲ್ಲಿ, ಮೈಸೂರು ತಂಡ ಬಂಗಾಳವನ್ನು ಸೋಲಿಸಿ ಅದನ್ನು ಮನೆಗೆ ತಂದಿತು.

1948ರ ಜುಲೈ 31ರ ಸಂಜೆಯನ್ನು ಇಲ್ಲಿ ಹೇಳದೆ ಮುಂದೆ ಹೋಗಲು ಮನಸ್ಸಾಗದು. ಸ್ವತಂತ್ರ ಭಾರತ ಒಲಿಂಪಿಕ್ ಕೂಟಕ್ಕೆ ಕಳುಹಿಸಿದ ಮೊದಲ ಕಾಲ್ಚೆಂಡಿನ ತಂಡ, ಲಂಡನ್ನಿನ ಬಳಿಯ ಇಲ್ಫರ್ಡ್ ಎಂಬಲ್ಲಿ, ಫ್ರಾನ್ಸಿನ ಎದುರು ಆಡುತ್ತಿತ್ತು. ನಮ್ಮವರಲ್ಲಿ ಬಹುಮಂದಿ ಬೂಟಿಲ್ಲದೆ ಆಡಿದರು. ಫ್ರೆಂಚರು ಒಂದು ಗೋಲು ಮುಂದಿದ್ದಾಗ ಎಪ್ಪತ್ತನೆಯ ನಿಮಿಷದಲ್ಲಿ ಚೆಂಡನ್ನು ಬಲೆಗೆ ಸೇರಿಸಿ ಸಮ ಮಾಡಿದವರು ಬೆಂಗಳೂರಿನ ಸಾರಂಗಪಾಣಿ ರಾಮನ್. ಒಲಿಂಪಿಕ್ ಫುಟ್ಬಾಲಿನಲ್ಲಿ ಭಾರತದ ಹೆಸರಿಗೆ ಬರೆದ ಮೊತ್ತಮೊದಲ ಗೋಲು ಅದು. ಸಿಕ್ಕಿದ ಎರಡು ಪೆನಾಲ್ಟಿಗಳನ್ನು ನಮ್ಮವರು ಕೈಬಿಟ್ಟರು. ಆಟ ಮುಗಿಯುವ ಹೊತ್ತಿಗೆ ಫ್ರಾನ್ಸು 2-1ರಿಂದ ಗೆದ್ದಿತು. ಅದೇ ತಂಡದಲ್ಲಿದ್ದ ಬೆಂಗಳೂರಿನ ಇನ್ನೊಬ್ಬ ಆಟಗಾರ ಅಹಮದ್ ಖಾನ್ ಮರುವರ್ಷ ಕಲ್ಕತ್ತೆಯ ಈಸ್ಟ್ ಬೆಂಗಾಲ್ ಸೇರಿದರು. ಆ ಕ್ಲಬ್ಬಿನ ಮುಂಚೂಣಿಯ ಐವರನ್ನು ಬಂಗಾಳಿಗಳು ಪಂಚಪಾಂಡವರೆಂದು ಕರೆದರು. ಅವರಲ್ಲಿ ಅಹಮದ್ ಖಾನ್ ಒಬ್ಬರು. 1952ರಲ್ಲಿ ಹೆಲ್ಸಿಂಕಿಯಲ್ಲಿ ಯುಗೊಸ್ಲಾವಿಯ ನಮ್ಮನ್ನು 10-1ರಿಂದ ಸದೆಬಡಿಯಿತಷ್ಟೆ. ಆ ಒಂದು ಗೋಲು ಅವರದು.

ಅಲ್ಲಿಂದ ಮುಂದಕ್ಕೆ ಬೆಂಗಳೂರಿನ ಒಳ್ಳೆಯ ಆಟಗಾರನಿಗೆ ಕಲ್ಕತ್ತೆಯೆಂಬುದು ಕಾಶಿಯಾಯಿತು. 1956 ಮತ್ತು 1960ರ ಒಲಿಂಪಿಕ್ ತಂಡಗಳಲ್ಲಿದ್ದ ಕೆಂಪಯ್ಯ ಮೋಹನ್ ಬಾಗಾನಿನಲ್ಲಿ ಹೆಸರು ಮಾಡಿದರು. 1980ರ ದಶಕದಲ್ಲಿ ಬಾಬು ಮಣಿ ಅದೇ ಹಾದಿ ಹಿಡಿದರು. ಊರಿನಲ್ಲಿ ಉಳಿದವರಿಗೆ ಕಾರ್ಖಾನೆಗಳ ತಂಡಗಳಿದ್ದವು. ಐ.ಟಿ.ಐ., ಎಚ್.ಎ.ಎಲ್. ಮುಂತಾದ ಸಂಸ್ಥೆಗಳು ಆಟಗಾರನಿಗೆ ಗುಮಾಸ್ತೆಯ ಕೆಲಸವೋ ಮೆಕ್ಯಾನಿಕ್ಕಿನ ಕೆಲಸವೋ ಕೊಟ್ಟು ಸಾಕಿದುವು. ಬೆಳಿಗ್ಗೆ ಅಭ್ಯಾಸ, ಹಗಲು ಕೆಲಸ, ತಿಂಗಳ ಮೊದಲಿಗೆ ಸಂಬಳ, ಆಟ ನಿಂತ ಮೇಲೂ ಅದೇ ಸಂಬಳ. ಆಟ ಬಿಟ್ಟ ಮೇಲೆ ಏನೆಂಬ ಪ್ರಶ್ನೆಯೇ ಅವರಿಗೆ ಅಷ್ಟಾಗಿ ಹುಟ್ಟಲಿಲ್ಲ. ಮೈಸೂರು ತಂಡ 1952ರಲ್ಲೂ, ಆಮೇಲೆ 1967-68 ಮತ್ತು 1968-69ರಲ್ಲಿ ಬೆನ್ನುಬೆನ್ನಿಗೂ ಸಂತೋಷ್ ಟ್ರೋಫಿ ಗೆದ್ದಿತು. ಆಮೇಲೆ ಅದು ನಮ್ಮ ಕೈಗೆ ಸಿಗಲಿಲ್ಲ. ರಾಜ್ಯದ ಹೆಸರು ಕರ್ನಾಟಕವೆಂದು ಬದಲಾಯಿತು, ಟ್ರೋಫಿ ಮಾತ್ರ ಬರಲಿಲ್ಲ.

ಕಾರ್ಲ್ಟನ್ ಚಾಪ್ಮನ್ ಹುಟ್ಟಿದ್ದು ಈ ಬರಗಾಲದ ಮೊದಲ ವರ್ಷಗಳಲ್ಲಿ, 1971ರ ಏಪ್ರಿಲ್ 13ರಂದು. ಬೆಂಗಳೂರಿನ ಕ್ರೀಡಾ ಪ್ರಾಧಿಕಾರದ ಕೇಂದ್ರದಲ್ಲಿ ಪಳಗಿ, ಸದರ್ನ್ ಬ್ಲೂಸ್ ಎಂಬ ಊರಿನ ಕ್ಲಬ್ಬಿಗೆ ಆಡಿ, 1990ರಲ್ಲಿ ಜಮ್ಷೆಡ್‌ಪುರದ ಟಾಟಾ ಫುಟ್ಬಾಲ್ ಅಕಾಡೆಮಿಗೆ ಆಯ್ಕೆಯಾದರು. ಅಕಾಡೆಮಿ ಆಗಿನ್ನೂ ಹೊಸದು, 1987ರಲ್ಲಿ ಹುಟ್ಟಿದ್ದು. ಅದಕ್ಕೆ ಮುಂಚೆ ನಮ್ಮ ದೇಶದಲ್ಲಿ ಆಟಗಾರ ತಯಾರಾಗುತ್ತಿದ್ದುದು ಬಹುಮಟ್ಟಿಗೆ ದೈವಯೋಗದಿಂದ. ಗಲ್ಲಿಯಲ್ಲಿ ಆಡುತ್ತಿದ್ದ ಹುಡುಗನ ಮೇಲೆ ಯಾರದೋ ಕಣ್ಣು ಬೀಳಬೇಕು, ಕಲ್ಕತ್ತೆಯಿಂದ ಕಾಗದ ಬರಬೇಕು. ಅಕಾಡೆಮಿಯಲ್ಲಾದರೆ ಹುಡುಗರನ್ನು ಒಂದೆಡೆ ಇಟ್ಟು ಊಟ, ಓದು, ಆಟ ಮೂರನ್ನೂ ಕ್ರಮವಾಗಿ ಕೊಟ್ಟು ಬೆಳೆಸುವ ಏರ್ಪಾಡು. ಗುರುಕುಲವೆಂದರೆ ತಪ್ಪಾಗದು. ಬೇರೊಬ್ಬರಿಂದ ಕ್ರಮವಾಗಿ ಕಲಿತದ್ದು ಚಾಪ್ಮನ್ನರ ಮನಸ್ಸಿನಲ್ಲಿ ಉಳಿದುಕೊಂಡಿತೆಂದು ನನ್ನ ಊಹೆ. ಆಟ ಮುಗಿದೊಡನೆ ಅವರು ಹಿಂತಿರುಗಿದ್ದು ಅಲ್ಲಿಗೇ.

1993ರಲ್ಲಿ ಅವರು ಈಸ್ಟ್ ಬೆಂಗಾಲ್ ಸೇರಿದರು. ಅದೇ ವರ್ಷ ಏಷ್ಯದ ಕಪ್ಪು ವಿಜೇತರ ಪಂದ್ಯಾವಳಿಯಲ್ಲಿ ಇರಾಕಿನ ಅಲ್ ಜಾವ್ರಾ ತಂಡ ಎದುರಾಯಿತು. ಬಾಗ್ದಾದಿನ ಆ ಕ್ಲಬ್ಬು ಪಶ್ಚಿಮ ಏಷ್ಯದ ಘಟಾನುಘಟಿಗಳಲ್ಲೊಂದು. ನಮ್ಮವರು ಮಾನ ಉಳಿಸಿಕೊಂಡರೆ ಸಾಕೆಂದು ಲೆಕ್ಕ ಹಾಕಿದವರೇ ಹೆಚ್ಚಿರಬೇಕು. ಈಸ್ಟ್ ಬೆಂಗಾಲ್ 6-2ರಿಂದ ಗೆದ್ದಿತು! ಆರರಲ್ಲಿ ಮೂರು ಗೋಲು ಚಾಪ್ಮನ್ನರವು. ಮೂರು ಗೋಲು ಹೊಡೆದವರನ್ನು ಮುಂಚೂಣಿಯ ಆಟಗಾರರೆಂದು ವಾಚಕರು ಭಾವಿಸಿಯಾರು. ಅವರು ಮಧ್ಯರಂಗದವರು. ಹಿಂದಿನಿಂದ ಬಂದ ಚೆಂಡನ್ನು ಹದಗೊಳಿಸಿ ಮುಂದಿನವನ ಕಾಲಿಗೆ ಕೊಡುವುದು ಮಧ್ಯರಂಗದವನ ಮುಖ್ಯ ಕೆಲಸ. ಗೋಲು ಹೊಡೆದವನ ಚಿತ್ರ ಅಚ್ಚಾಗುತ್ತದೆ, ಕೊಟ್ಟವನದು ಆಗುವುದಿಲ್ಲ. ಮದುವೆಯ ಮನೆಯಲ್ಲಿ ಅಡಿಗೆಯವರ ಹೆಸರನ್ನು ಲಗ್ನಪತ್ರಿಕೆಯಲ್ಲಿ ಹಾಕುವುದುಂಟೇ?

ಎರಡು ವರ್ಷದ ಮೇಲೆ ಪಂಜಾಬಿನ ಫಗ್ವಾಡದ ಜೆ.ಸಿ.ಟಿ. ಮಿಲ್ಲಿನ ತಂಡ ಅವರನ್ನು ಕರೆಯಿತು. ಕೇರಳದ ಐ.ಎಂ. ವಿಜಯನ್, ಸಿಕ್ಕಿಮಿನ ಬೈಚುಂಗ್ ಭುಟಿಯಾ, ನಮ್ಮ ಬೆಂಗಳೂರಿನ ಚಾಪ್ಮನ್, ಈ ಮೂವರು ಒಂದು ಬಟ್ಟೆ ಗಿರಣಿಯ ಪರವಾಗಿ ಆಡಿದ ಆ ಎರಡು ವರ್ಷಗಳನ್ನು ಬಲ್ಲವರು ಇಂದಿಗೂ ಕಣ್ಣರಳಿಸಿ ಹೇಳುತ್ತಾರೆ. 1995 ಮತ್ತು 1996ರಲ್ಲಿ ಫೆಡರೇಷನ್ ಕಪ್ಪು. 1996-97ರಲ್ಲಿ ಮೊತ್ತಮೊದಲ ರಾಷ್ಟ್ರೀಯ ಲೀಗ್ ಪ್ರಶಸ್ತಿ. 1997ರಲ್ಲಿ ಚಾಪ್ಮನ್ನರ ನಾಯಕತ್ವದಲ್ಲಿ ಭಾರತ ತಂಡ ಕಠ್ಮಂಡುವಿನಲ್ಲಿ ಮಾಲ್ಡೀವ್ಸನ್ನು 5-1ರಿಂದ ಸೋಲಿಸಿ ದಕ್ಷಿಣ ಏಷ್ಯದ ಕಪ್ಪು ಗೆದ್ದಿತು. ಆಮೇಲೆ ಹೊಸದಾಗಿ ಹುಟ್ಟಿದ್ದ ಎಫ್.ಸಿ. ಕೊಚ್ಚಿನ್ ತಂಡದಲ್ಲಿ ಒಂದು ವರ್ಷವಿದ್ದು ಈಸ್ಟ್ ಬೆಂಗಾಲಿಗೆ ಮರಳಿದರು. 2000-01ರಲ್ಲಿ ಈಸ್ಟ್ ಬೆಂಗಾಲ್ ಮೊದಲ ಬಾರಿಗೆ ರಾಷ್ಟ್ರೀಯ ಲೀಗ್ ಗೆದ್ದಾಗ ನಾಯಕರು ಇವರೇ. ಕಪ್ಪು ಕೈಗೆ ಬಂದ ವರ್ಷವೇ ಆಟದಿಂದ ನಿವೃತ್ತಿ. ಆಗ ಮೂವತ್ತು ವಯಸ್ಸು.

ಮೂವತ್ತು! ನಮ್ಮ ವೃತ್ತಿಯಲ್ಲಿ ಆ ವಯಸ್ಸಿಗೆ ಕೆಲಸವೇ ಕಾಯಂ ಆಗಿರುವುದಿಲ್ಲ. ಆಟಗಾರನಿಗಾದರೋ ಅದು ಸಂಧ್ಯಾಕಾಲ. ಲೋಕ ಅವನ ಕಥೆಯನ್ನು ಅಲ್ಲಿಗೆ ಮುಗಿಸಿಬಿಡುತ್ತದೆ. ಅವನಿಗೆ ಮಾತ್ರ ಇನ್ನೂ ಬಾಳಬೇಕಾದ ಬಾಳು ಉಳಿದಿರುತ್ತದೆ.

ಚಾಪ್ಮನ್ ತರಬೇತುದಾರರಾದರು. ಮೊದಲಿಗೆ ತಾವು ಕಲಿತ ಜಮ್ಷೆಡ್‌ಪುರದ ಅಕಾಡೆಮಿಯಲ್ಲೇ ಹುಡುಗರಿಗೆ ಕಲಿಸಿದರು. ಅಲ್ಲಿಂದ ಮೇಘಾಲಯದ ಷಿಲ್ಲಾಂಗಿಗೆ ಹೋಗಿ ರಾಯಲ್ ವಾಹಿಂಗ್ಡೊ ಎಂಬ ಕ್ಲಬ್ಬಿನ ಹೊಣೆ ಹೊತ್ತರು. ಮಳೆ, ಗುಡ್ಡ, ಮಂಜಿನ ಆ ನಾಡಿನಲ್ಲಿ ಫುಟ್ಬಾಲು ಹುಡುಗರ ಉಸಿರಾಟದಂತೆ. ಆದರೆ ಅವರ ಕ್ಲಬ್ಬುಗಳು ದೇಶದ ದೊಡ್ಡ ಲೀಗಿನ ಹೊಸಿಲು ದಾಟಲು ಆಗತಾನೇ ಹವಣಿಸುತ್ತಿದ್ದವು. ಅವರ ಕೈಕೆಳಗೆ ವಾಹಿಂಗ್ಡೊ ತಂಡ ಷಿಲ್ಲಾಂಗಿನ ಲೀಗನ್ನೂ ಅಸ್ಸಾಮಿನ ಬರ್ಡೋಲೈ ಟ್ರೋಫಿಯನ್ನೂ ಗೆದ್ದಿತು. ಆಮೇಲೆ ಕಲ್ಕತ್ತೆಯ ಭವಾನಿಪುರ ಕ್ಲಬ್ಬು, ಬೆಂಗಳೂರಿನ ಸ್ಟೂಡೆಂಟ್ಸ್ ಯೂನಿಯನ್, ದೆಹಲಿಯ ಸುದೇವಾ. ಕೊನೆಗೆ, 2017ರಿಂದ, ಕೋಳಿಕ್ಕೋಡಿನ ಕ್ವಾರ್ಟ್ಜ್ ಎಂಬ ತಂಡದ ತಾಂತ್ರಿಕ ನಿರ್ದೇಶಕ ಪದವಿ.

ಈ ಊರುಗಳನ್ನು ಭೂಪಟದಲ್ಲಿ ಗುರುತಿಸಿ ಗೆರೆ ಎಳೆದರೆ ದೇಶವನ್ನೇ ಸುತ್ತಿದಂತಾಗುತ್ತದೆ. ಜಂಗಮರ ಬಾಳು ಎನ್ನಬಹುದು. ಆದರೆ ಜಂಗಮನಿಗೆ ಹೋದಲ್ಲೆಲ್ಲ ಮಠವಿರುತ್ತದೆ. ಕೆಳಗಿನ ದರ್ಜೆಯ ಲೀಗಿನ ತರಬೇತುದಾರನಿಗೆ ಒಂದು ಋತುವಿನ ಕರಾರು ಇರುತ್ತದೆ, ಅಷ್ಟೆ. ಆ ಲೀಗು ವರ್ಷದಲ್ಲಿ ಕೆಲವೇ ತಿಂಗಳು ನಡೆಯುವಂಥದು. ಅಷ್ಟರಲ್ಲಿ ಅಪರಿಚಿತ ಹುಡುಗರನ್ನು ಕಲೆಹಾಕಿ, ಅವರ ಮೈಕಟ್ಟು, ಉಸಿರು, ಕೋಪತಾಪಗಳನ್ನು ಅರಿತು, ಹನ್ನೊಂದು ಮಂದಿ ಒಂದೇ ಮನಸ್ಸಿನಿಂದ ಓಡುವಂತೆ ಮಾಡಬೇಕು. ಗೆದ್ದರೆ ಹುಡುಗರನ್ನು ದೊಡ್ಡ ಕ್ಲಬ್ಬು ಕೊಂಡುಹೋಗುತ್ತದೆ. ಸೋತರೆ ತರಬೇತುದಾರನಿಗೆ ಬೀಳ್ಕೊಡುಗೆ. ಕ್ಲಬ್ಬು ತಾನೇ ಉಳಿದೀತೆಂಬ ಭರವಸೆಯೂ ಇಲ್ಲ. ಚಾಪ್ಮನ್ ಆಡಿದ ಎಫ್.ಸಿ. ಕೊಚ್ಚಿನ್ ಹಣವಿಲ್ಲದೆ ಮುಚ್ಚಿತು. ಲೀಗಿನ ಮೊದಲ ಪ್ರಶಸ್ತಿ ಗೆದ್ದ ಜೆ.ಸಿ.ಟಿ. ತಂಡವನ್ನು 2011ರಲ್ಲಿ ಬರಖಾಸ್ತು ಮಾಡಿದರು. ರಾಯಲ್ ವಾಹಿಂಗ್ಡೊ 2014-15ರಲ್ಲಿ ದೇಶದ ಮೇಲ್ದರ್ಜೆಯ ಐ-ಲೀಗಿನಲ್ಲಿ ಮೂರನೆಯ ಸ್ಥಾನ ಪಡೆದು ಎಲ್ಲರೂ ಬೆರಗಾಗುವಂತೆ ಮಾಡಿತು. ಆ ಹೊತ್ತಿಗೆ ಚಾಪ್ಮನ್ ಅಲ್ಲಿರಲಿಲ್ಲ, ಬೇರೊಬ್ಬರು ತರಬೇತುದಾರರಾಗಿದ್ದರು. ಆ ಋತು ಮುಗಿದ ಮೇಲೆ ಕ್ಲಬ್ಬು ಲೀಗಿನಿಂದಲೇ ಹೊರನಡೆಯಿತು. ಸಸಿ ನೆಟ್ಟವನು ಹಣ್ಣು ತಿನ್ನದಿದ್ದರೆ ಚಿಂತೆಯಿಲ್ಲ, ಮರವನ್ನೇ ಕಡಿದರೆ ಏನು ಹೇಳೋಣ?

ಇಲ್ಲಿ ದೂರದ ಒಂದು ದೇಶದ ಉದಾಹರಣೆ ಕೊಡುವುದಕ್ಕೆ ವಾಚಕರ ಅಪ್ಪಣೆ ಬೇಡುತ್ತೇನೆ. ಸ್ವಿಟ್ಜರ್ಲೆಂಡು ಕರ್ನಾಟಕದ ಕಾಲು ಭಾಗದಷ್ಟೂ ವಿಸ್ತಾರವಿಲ್ಲದ ದೇಶ. ಅಲ್ಲಿನ ಜ್ಯೂರಿಚ್ ನಗರದಲ್ಲಿ 1943ರಲ್ಲಿ ಹುಟ್ಟಿದ ಯಾಕೋಬ್ ಕೂನ್ ಎಂಬವರನ್ನು ಜನ ಪ್ರೀತಿಯಿಂದ ಕೋಬಿ ಎನ್ನುತ್ತಿದ್ದರು. ಅವರೂ ಚಾಪ್ಮನ್ನರಂತೆ ಮಧ್ಯರಂಗದ ಆಟಗಾರರು. ತವರೂರಿನ ಎಫ್.ಸಿ. ಜ್ಯೂರಿಚ್ ತಂಡಕ್ಕೆ ಆಡಿ ಆರು ಸಲ ದೇಶದ ಲೀಗ್ ಗೆದ್ದರು. 1966ರ ವಿಶ್ವಕಪ್ಪಿನ ಸಮಯದಲ್ಲಿ ಷೆಫೀಲ್ಡ್ ನಗರದಲ್ಲಿ ರಾತ್ರಿ ಹೊತ್ತುಮೀರಿ ಬಿಡಾರಕ್ಕೆ ಬಂದರೆಂದು ಇತರ ಇಬ್ಬರೊಡನೆ ಅವರನ್ನು ಪಶ್ಚಿಮ ಜರ್ಮನಿಯ ಎದುರಿನ ಆಟದಿಂದ ಹೊರಗಿಟ್ಟರು. ಸ್ವಿಸ್ ತಂಡ ಅಂದು 5-0ರಿಂದ ಸೋತಿತು. ಇಂಥ ತಪ್ಪು ಮಾಡಿದವನನ್ನು ನಮ್ಮಲ್ಲಾದರೆ ಜನ್ಮಪೂರ್ತಿ ಎತ್ತಿ ಆಡುತ್ತಿದ್ದರೇನೋ. ಸ್ವಿಸ್ ಫುಟ್ಬಾಲ್ ಸಂಘ ಅದೇ ಕೂನ್ ಅವರ ಕೈಗೆ ಮೊದಲು ಕಿರಿಯರ ತಂಡಗಳನ್ನು ಒಪ್ಪಿಸಿತು. 21 ವಯಸ್ಸಿನೊಳಗಿನವರನ್ನು ಅವರು ವರ್ಷಾನುಗಟ್ಟಳೆ ತಿದ್ದಿ ಬೆಳೆಸಿದ ಮೇಲೆ, 2001ರಲ್ಲಿ, ರಾಷ್ಟ್ರ ತಂಡವನ್ನೇ ಕೊಟ್ಟಿತು. ತಾವು ಎಳೆಯರಾಗಿ ಕಂಡಿದ್ದ ಹುಡುಗರನ್ನೇ ಕಟ್ಟಿಕೊಂಡು ಅವರು 2006ರ ವಿಶ್ವಕಪ್ಪಿಗೆ ಹೋದರು. ಆ ಕೂಟದಲ್ಲಿ ಸ್ವಿಟ್ಜರ್ಲೆಂಡು ನಾಲ್ಕು ಆಟ ಆಡಿ, ಆಟದ ವೇಳೆಯಲ್ಲಿ ಒಂದು ಗೋಲನ್ನೂ ಬಿಟ್ಟುಕೊಡದೆ, ಉಕ್ರೇನಿನ ಎದುರು ಪೆನಾಲ್ಟಿಗಳಲ್ಲಿ ಸೋತು ಹೊರಬಂತು. ಕೂನ್ 2008ರವರೆಗೆ ಆ ಸ್ಥಾನದಲ್ಲಿದ್ದು 2019ರ ನವೆಂಬರಿನಲ್ಲಿ ತೀರಿಕೊಂಡರು.

ಕೂನ್ ಚಾಪ್ಮನ್ನರಿಗಿಂತ ಜಾಣರಾಗಿದ್ದರೋ ಇಲ್ಲವೋ ಅದನ್ನು ನಾನು ಅಳೆಯಲಾರೆ. ಒಂದು ಮಾತನ್ನು ಮಾತ್ರ ಹೇಳಬಲ್ಲೆ: ಅವರ ಕಾಲ ಕೆಳಗೆ ಏಣಿ ಇತ್ತು. ಆಟದಿಂದ ಕಿರಿಯರ ತಂಡಕ್ಕೆ, ಅಲ್ಲಿಂದ ಹಿರಿಯರ ತಂಡಕ್ಕೆ, ಒಂದೇ ನಾಡಿನಲ್ಲಿ, ಹತ್ತು ಹನ್ನೆರಡು ವರ್ಷ ನಿಂತು ಕೆಲಸ ಮಾಡುವ ಏಣಿ. ನಮ್ಮಲ್ಲಿ ಅಂಥದು ಒಂದು ಕಾಲಕ್ಕೆ ಇಲ್ಲದೆ ಇರಲಿಲ್ಲ. ಹೈದರಾಬಾದಿನ ಸೈಯದ್ ಅಬ್ದುಲ್ ರಹೀಮರು ಮೇಷ್ಟರಾಗಿದ್ದವರು. ಅವರ ಕೈಗೆ ತಂಡವನ್ನು ಕೊಟ್ಟು ಒಂದು ದಶಕಕ್ಕೂ ಮೀರಿ ನಂಬಿದ್ದರಿಂದ 1951 ಮತ್ತು 1962ರ ಏಷ್ಯನ್ ಕೂಟಗಳ ಚಿನ್ನವೂ 1956ರ ಒಲಿಂಪಿಕ್ಸಿನ ನಾಲ್ಕನೆಯ ಸ್ಥಾನವೂ ನಮಗೆ ದಕ್ಕಿದುವು. 1960ರ ಒಲಿಂಪಿಕ್ ತಂಡದ ನಾಯಕ ಪಿ.ಕೆ. ಬ್ಯಾನರ್ಜಿ ಆಟ ಬಿಟ್ಟು ತರಬೇತುದಾರರಾಗಿ ಕಲ್ಕತ್ತೆಯ ಎರಡು ದೊಡ್ಡ ಕ್ಲಬ್ಬುಗಳನ್ನೂ ಭಾರತ ತಂಡವನ್ನೂ ನಡೆಸಿದರು. ಚಾಪ್ಮನ್ನರ ಕಾಲಕ್ಕೆ ಗಾಳಿ ತಿರುಗಿತ್ತು. 2002ರಿಂದೀಚೆಗೆ ರಾಷ್ಟ್ರ ತಂಡದ ಹೊಣೆ ಬಹುಕಾಲ ಪರದೇಶದವರ ಕೈಯಲ್ಲಿತ್ತು. ಅವರಿಂದ ಲಾಭವಾಗಲಿಲ್ಲವೆಂದು ನಾನು ಹೇಳುವುದಿಲ್ಲ. 2013ರಲ್ಲಿ ಬೆಂಗಳೂರು ಎಫ್.ಸಿ. ಹುಟ್ಟಿತು, ಇಂಗ್ಲೆಂಡಿನಿಂದ ಬಂದ ಆಷ್ಲಿ ವೆಸ್ಟ್‌ವುಡ್ ಎಂಬ ತರಬೇತುದಾರರ ಕೈಯಲ್ಲಿ ಮೊದಲ ವರ್ಷವೇ ಐ-ಲೀಗ್ ಗೆದ್ದಿತು. ಬೆಂಗಳೂರಿನ ಹುಡುಗನೊಬ್ಬ ದೊಡ್ಡ ಆಟ ಆಡಲು ಕಲ್ಕತ್ತೆಯ ರೈಲು ಹತ್ತಲೇಬೇಕಾದ ಕಾಲ ಅಲ್ಲಿಗೆ ಮುಗಿಯಿತು. ಸಂತೋಷದ ವಿಷಯವೇ. ಆದರೆ ಆ ರೈಲು ಹತ್ತಿ ಹೋಗಿ, ಕಲಿತು, ಗೆದ್ದು, ಕಲಿಸಲು ಸಿದ್ಧರಾಗಿ ಬಂದವರನ್ನು ಇಟ್ಟುಕೊಂಡು ಏನು ಮಾಡಬೇಕೆಂಬುದು ನಮಗೆ ತಿಳಿದಿರಲಿಲ್ಲ.

ದೊಡ್ಡ ಆಟಗಾರರೆಲ್ಲ ದೊಡ್ಡ ಗುರುಗಳಾಗುತ್ತಾರೆಂದೇನಿಲ್ಲ. ಚೆನ್ನಾಗಿ ಹಾಡುವವರು ಪಾಠ ಹೇಳಲು ಕೂತರೆ ತಾಳ್ಮೆಗೆಡುವುದನ್ನು ನಾವು ನೋಡಿಲ್ಲವೇ? ಮೇಲ್ದರ್ಜೆಯಲ್ಲಿ ಐದಾರು ವರ್ಷ ಒಂದೇ ತಂಡ ಸಿಕ್ಕಿದ್ದರೆ ಚಾಪ್ಮನ್ ಗೆಲ್ಲುತ್ತಿದ್ದರೋ ಸೋಲುತ್ತಿದ್ದರೋ ಹೇಳಬಲ್ಲವರು ಯಾರು? ಅಂಥ ಪರೀಕ್ಷೆಗೆ ಅವರನ್ನು ಕೂರಿಸಲೇ ಇಲ್ಲವೆಂಬುದು ನನ್ನ ಅಳಲು.

ನಮ್ಮ ಸುತ್ತಲಿನ ಕಾಲೇಜುಗಳ ಮೈದಾನ ನೋಡಿದರೆ ಈ ಅಳಲು ಇನ್ನೂ ಹತ್ತಿರ ಬರುತ್ತದೆ. ಒಬ್ಬರೇ ದೈಹಿಕ ಶಿಕ್ಷಣದ ಮೇಷ್ಟರು. ಅವರೇ ಕಬಡ್ಡಿಗೆ, ಅವರೇ ಕ್ರಿಕೆಟ್ಟಿಗೆ, ಗಣರಾಜ್ಯದ ದಿನದ ಕವಾಯತಿಗೆ, ಪರೀಕ್ಷೆ ಬಂದಾಗ ಕೊಠಡಿಯ ಕಾವಲಿಗೆ. ಕಾಲ್ಚೆಂಡಿನಲ್ಲಿ ಪಳಗಿದವರೇ ಬೇಕೆಂದು ಕೇಳುವುದು ನಮ್ಮ ಕಡೆ ಐಷಾರಾಮ. ಬೈಲುಕುಪ್ಪೆಯ ಟಿಬೆಟನ್ ಹುಡುಗರು ಯಾವ ಮೇಷ್ಟರೂ ಇಲ್ಲದೆ ನನ್ನ ವಿದ್ಯಾರ್ಥಿಗೆ ಆಟ ಕಲಿಸಿದ್ದರು. ಹೇಗೆ ಕಲಿಸಿದರೆಂದು ಒಮ್ಮೆ ಕೇಳಿದೆ. "ಬಯ್ಯುತ್ತಿರಲಿಲ್ಲ ಸಾರ್, ಮತ್ತೆ ಮತ್ತೆ ಚೆಂಡು ಕೊಡುತ್ತಿದ್ದರು" ಎಂದ. ಶಿಕ್ಷಣಶಾಸ್ತ್ರದ ಪುಸ್ತಕಗಳಲ್ಲಿ ಇಷ್ಟು ಚಿಕ್ಕದಾಗಿ ಹೇಳಿದ್ದನ್ನು ನಾನು ಓದಿಲ್ಲ.

ಚಾಪ್ಮನ್ ತೀರಿಕೊಂಡ ಸುದ್ದಿ ಬಂದ ದಿನ ಆ ಹುಡುಗನಿಗೆ ಫೋನು ಮಾಡಿದೆ. ಊರಿನಲ್ಲಿ ಹತ್ತಿ ಬಿಡಿಸುತ್ತಿದ್ದ. ಹೆಸರು ಕೇಳಿ ಗೊತ್ತೆಂದ. ಷಿಲ್ಲಾಂಗಿನಲ್ಲಿ ಕಲಿಸಿದ್ದು ಗೊತ್ತಿರಲಿಲ್ಲ. ಆ ವರ್ಷ ಕಾಲ್ಚೆಂಡಿನ ಲೋಕಕ್ಕೆ ಸಾವಿನ ವರ್ಷವೇ ಆಗಿತ್ತು. ಮಾರ್ಚಿನಲ್ಲಿ ಪಿ.ಕೆ. ಬ್ಯಾನರ್ಜಿ, ಏಪ್ರಿಲಿನಲ್ಲಿ ಚುನಿ ಗೋಸ್ವಾಮಿ, ಅಕ್ಟೋಬರಿನಲ್ಲಿ ಚಾಪ್ಮನ್. ನವೆಂಬರಿನಲ್ಲಿ ಮರಡೋನ ಹೋದಾಗ ಲೋಕಕ್ಕೆ ಲೋಕವೇ ಅತ್ತಿತು. ಚಾಪ್ಮನ್ನರ ಈಸ್ಟ್ ಬೆಂಗಾಲ್ ಕ್ಲಬ್ಬಿಗೆ ಅದೇ ಆಗಸ್ಟಿನಲ್ಲಿ ನೂರು ತುಂಬಿತ್ತು.

ಮುಂದೆ 2023ರ ಮಾರ್ಚ್ 4ರಂದು ಸಂತೋಷ್ ಟ್ರೋಫಿಯ ಅಂತಿಮ ಪಂದ್ಯ ಸೌದಿ ಅರೇಬಿಯದ ರಿಯಾದಿನಲ್ಲಿ ನಡೆಯಿತು. ದೇಶದ ಹೊರಗೆ ಆ ಟ್ರೋಫಿಯ ಅಂತಿಮ ಪಂದ್ಯ ನಡೆದದ್ದು ಅದೇ ಮೊದಲು. ಒಂದು ಕಡೆ ಕರ್ನಾಟಕ. 1968-69ರಲ್ಲಿ ಮೈಸೂರಾಗಿ ಗೆದ್ದಮೇಲೆ 54 ವರ್ಷ ಕಾದ ತಂಡ. ಇನ್ನೊಂದು ಕಡೆ, ಆ ಟ್ರೋಫಿಯ ಅಂತಿಮ ಘಟ್ಟಕ್ಕೆ ಮೊದಲ ಸಲ ಬಂದಿದ್ದ ಮೇಘಾಲಯ. ಚಾಪ್ಮನ್ ಹುಟ್ಟಿದ ನಾಡಿಗೂ ಅವರು ಕಲಿಸಿದ ನಾಡಿಗೂ ಅಂದು ಆಟ. ಬದುಕಿದ್ದರೆ ಅವರು ಯಾವ ಬದಿಯ ಆಸನದಲ್ಲಿ ಕೂರುತ್ತಿದ್ದರೋ! ಕರ್ನಾಟಕ 3-2ರಿಂದ ಗೆದ್ದಿತು. ಸುನಿಲ್ ಕುಮಾರ್, ಬೇಕಿ ಓರಂ, ರಾಬಿನ್ ಯಾದವ್ ಗೋಲು ಹೊಡೆದಿದ್ದರು.

ಮರುದಿನ ಬೆಳಿಗ್ಗೆ ಆ ಹುಡುಗನಿಂದಲೇ ಫೋನು ಬಂತು. ಅವನೀಗ ದೈಹಿಕ ಶಿಕ್ಷಣದ ತರಬೇತಿಗೆ ಸೇರಿದ್ದಾನೆ. ಹಾಸ್ಟೆಲಿನಲ್ಲಿ ಪತ್ರಿಕೆ ಯಾರೋ ಎತ್ತಿಕೊಂಡು ಹೋಗಿದ್ದರಂತೆ. ನನ್ನ ಮುಂದಿದ್ದ ಪತ್ರಿಕೆಯನ್ನು ಓದಿ ಹೇಳಲು ಕೇಳಿದ. ಗೋಲು ಹೊಡೆದವರ ಹೆಸರು ಓದಲಾರಂಭಿಸಿದೆ. "ಅದು ಗೊತ್ತಾಯ್ತು ಸಾರ್, ನಮ್ಮ ತಂಡದ ಕೋಚು ಯಾರು, ಅದನ್ನ ನೋಡಿ" ಎಂದ. ನಾನು ಕನ್ನಡಕ ಸರಿಪಡಿಸಿಕೊಂಡು ಸುದ್ದಿಯನ್ನು ಮೇಲಿನಿಂದ ಹುಡುಕುತ್ತ ಬಂದೆ. ರವಿ ಬಾಬು ರಾಜು ಎಂದು ಸುದ್ದಿಯ ಕೆಳಗಡೆ ಒಂದು ಕಡೆ ಇತ್ತು.